ಸಿದ್ದಿ

ನಮ್ಮ ಹೇರೂರಿನ ಕಡೆ ಮಹಾಪ್ರಾಣ ಹಾಕಿ ‘ಸಿದ್ಧಿ’ ಎಂದು ಬರೆದರೆ ಗಣಪತಿ ನೆನಪಾಗುತ್ತಾನೆ. ಅಲ್ಪಪ್ರಾಣದ ‘ಸಿದ್ದಿ’ ಎಂದರೆ ಯಲ್ಲಾಪುರ, ಹಳಿಯಾಳ, ಮುಂಡಗೋಡದ ಕಾಡಂಚಿನ ಜನ. ಆಡುವಾಗ ಎರಡೂ ಒಂದೇ, ಬೇರು ಬೇರೆ. ಅರಬ್ಬಿಯ ‘ಸಯ್ಯಿದಿ’, ಅಂದರೆ ‘ನನ್ನ ಒಡೆಯ’ ಎಂಬುದೇ ಸಿದ್ದಿಯಾಯಿತು ಎನ್ನುತ್ತಾರೆ ಬಲ್ಲವರು. ಜಂಜಿರಾ ಕೋಟೆಯನ್ನಾಳಿದ ಆಫ್ರಿಕಾ ಮೂಲದವರಿಗೆ ಅದು ಬಿರುದೇ ಆಗಿತ್ತು.

ಘಟ್ಟದ ಮೇಲೆ ಅದರ ಪಾಡು ಬೇರೆಯಾಯಿತು. ಪೋರ್ಚುಗೀಸರು ಆಫ್ರಿಕಾದ ಪೂರ್ವ ಕರಾವಳಿಯಿಂದ ಗೋವಾಕ್ಕೆ ತಂದು ಮಾರಿದವರಲ್ಲಿ ಎಷ್ಟೋ ಜನ ತಪ್ಪಿಸಿಕೊಂಡು ಈ ಕಾಡು ಸೇರಿದರು. ಮುಂದಿನ ತಲೆಮಾರುಗಳು ಅಡಿಕೆ ತೋಟದ ಕೆಲಸಕ್ಕೆ ಬಂದವು. ಒಡೆಯ ಎಂಬರ್ಥದ ಮಾತು ಅಲ್ಲಿ ಆಳನ್ನು ವಿಚಾರಿಸುವ ಮಾತಾಯಿತು: ‘ಸಿದ್ದಿ ಬಂದ್ನಾ?’ ಹೆಸರಿಲ್ಲ, ಬಹುವಚನವಿಲ್ಲ. ಮಾರ್ಟಿನಿಕ್ ದ್ವೀಪದ ಫ್ರಾಂಟ್ಸ್ ಫ್ಯಾನನ್ 1952ರ ತನ್ನ ಪುಸ್ತಕದಲ್ಲಿ ಬರೆದದ್ದು ಈ ನೋವನ್ನೇ: ನೋಡುವವರ ಕಣ್ಣಲ್ಲಿ ಮನುಷ್ಯ ಬರೀ ಮೈಬಣ್ಣವಾಗಿ ಉಳಿದುಬಿಡುವ ನೋವು. ಅದನ್ನು ಓದಲು ನಾವು ಕೆರಿಬಿಯನ್ನಿಗೆ ಹೋಗಬೇಕಿಲ್ಲ, ನಮ್ಮ ತೋಟದ ದಣಪೆ ದಾಟಿದರೆ ಸಾಕು.

ಆದರೆ ಸಿದ್ದಿಗಳು ಆ ಮಾತನ್ನು ಬಿಟ್ಟುಕೊಡಲಿಲ್ಲ. ಅವರಲ್ಲಿ ಹಿಂದೂಗಳಿದ್ದಾರೆ, ಮುಸ್ಲಿಮರಿದ್ದಾರೆ, ಕ್ರೈಸ್ತರಿದ್ದಾರೆ. ದೇವರು ಮೂರು ಕಡೆ ಹಂಚಿಹೋದರೂ ಅಡ್ಡಹೆಸರು ಒಂದೇ. 2020ರಲ್ಲಿ ವಿಧಾನ ಪರಿಷತ್ತಿಗೆ ನಾಮನಿರ್ದೇಶನಗೊಂಡವರು ಶಾಂತಾರಾಮ ಸಿದ್ದಿ. ಹಾಡಿ, ನಟಿಸಿ ಹೆಸರಾದವರು ಗಿರಿಜಾ ಸಿದ್ದಿ. ನನಗೆ ಇದು ಬಹಳ ದೊಡ್ಡ ಗೆಲುವಾಗಿ ಕಾಣುತ್ತದೆ.

ಸರ್ಕಾರದ ಕಾಗದ ಮಾತ್ರ ತಡವಾಗಿ ಬಂತು. ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿ ಸೇರಿದ್ದು 2003ರಲ್ಲಿ. ಗಡಿಯಾಚೆ ಧಾರವಾಡ, ಬೆಳಗಾವಿ ಜಿಲ್ಲೆಗಳಲ್ಲಿರುವ ಅದೇ ಜನ 2020ರವರೆಗೆ ಕಾಯಬೇಕಾಯಿತು. ಬಳಗ ಒಂದೇ, ಹೆಸರು ಒಂದೇ, ನಡುವೆ ಹದಿನೇಳು ವರ್ಷ!

ಈಗ ಕ್ಯಾಮೆರಾ ಹಿಡಿದವರು ಬರುತ್ತಾರೆ. ಬರಲಿ, ಒಳ್ಳೆಯದೇ. ಡಮಾಮಿ ಕುಣಿತದಲ್ಲಿ, ಗುಂಗುರು ಕೂದಲಲ್ಲಿ ಆಫ್ರಿಕಾವನ್ನು ಹುಡುಕುತ್ತಾರೆ. ಅವರು ಸಿದ್ದಿ ಹೆಂಗಸರು ಕೌದಿ ಹೊಲಿಯುವಾಗ ಒಂದಿಷ್ಟು ಹೊತ್ತು ಕೂರಬೇಕು. ಹಳೆಯ ಸೀರೆ, ಅಂಗಿಯ ತುಂಡುಗಳನ್ನು ಜೋಡಿಸಿ, ಅಂಚಿನಿಂದ ಹೊಲಿಗೆ ಹಿಡಿದು, ಸುತ್ತು ಬರುತ್ತ ನಡುವಿಗೆ ಮುಟ್ಟಿಸುತ್ತಾರೆ. ಮೂಲೆಗಳಿಗೆ ಬಟ್ಟೆ ಮಡಚಿದ ‘ಫುಲಾ’ ಇಡದಿದ್ದರೆ ಕೌದಿ ಮುಗಿದಂತಲ್ಲ. ಕೌದಿ ಧಾರವಾಡ ಸೀಮೆಯ ಮನೆಮನೆಯಲ್ಲೂ ಇದೆ. ಇವರ ಕೌದಿಯಲ್ಲಿ ಆಫ್ರಿಕಾ ಎಷ್ಟು, ಕರ್ನಾಟಕ ಎಷ್ಟು ಎಂದು ಬಿಡಿಸಹೊರಟರೆ ಕೌದಿಯೇ ಉಳಿಯುವುದಿಲ್ಲ. ಅವರು ಪೂರ್ತಿ ಇಲ್ಲಿಯವರು. ಬಂದ ದಾರಿಯ ನೆನಪೂ ಅವರದೇ.

ಸಾಕ್ಷ್ಯಚಿತ್ರ ಮಾಡುವವರಲ್ಲಿ ನನ್ನದೊಂದು ವಿನಂತಿ. ತೆರೆಯ ಕೆಳಗೆ ‘ಸಿದ್ದಿ ಮಹಿಳೆ’ ಎಂದಷ್ಟೇ ಬರೆದು ಮುಗಿಸಬೇಡಿ. ಅವರ ಒಪ್ಪಿಗೆ ಪಡೆದು, ಹೆಸರು, ಊರು ಕೇಳಿ ಬರೆಯಿರಿ.