ಥೇಮ್ಸ್ ಐರನ್‌ವರ್ಕ್ಸ್: ಒಂದು ಹಡಗುಕಟ್ಟೆಯ ಚರಿತ್ರೆ ಮತ್ತು ಜನಸ್ಮೃತಿ

ಕಬ್ಬಿಣದ ಹಡಗುಗಳ ಚರಿತ್ರೆಯನ್ನು ಬರೆದವರು ಸಾಮಾನ್ಯವಾಗಿ ಹಡಗಿನ ಉದ್ದ, ತೂಕ, ತೋಪುಗಳ ಸಂಖ್ಯೆ, ಯಂತ್ರದ ಬಲ ಇವುಗಳನ್ನು ನಮೂದಿಸಿ ಮುಂದೆ ಸಾಗಿದ್ದಾರೆ. ಕುಲುಮೆಯ ಬಳಿ ನಿಂತು ಅವುಗಳನ್ನು ಕಟ್ಟಿದ ಸಮುದಾಯ ಆ ಬರವಣಿಗೆಯಲ್ಲಿ ಸಂಬಳದ ಲೆಕ್ಕವಾಗಿ ಮಾತ್ರ ಕಾಣಿಸಿಕೊಳ್ಳುತ್ತದೆ. ಆದರೆ ಕೆಲವು ಉದ್ಯಮಗಳು ಮುಚ್ಚಿಹೋದ ಮೇಲೂ ಜನರ ಮಾತಿನಲ್ಲಿ, ಆಟದಲ್ಲಿ, ಅಡ್ಡಹೆಸರುಗಳಲ್ಲಿ ಬದುಕಿರುತ್ತವೆ. ಲಂಡನ್ನಿನ ಪೂರ್ವಭಾಗದಲ್ಲಿ, ಲೀ ನದಿಯು ಥೇಮ್ಸ್ ನದಿಯನ್ನು ಕೂಡುವ ಬೋ ಕ್ರೀಕ್ ಎಂಬ ಅಳಿವೆಯ ದಂಡೆಯಲ್ಲಿದ್ದ ಥೇಮ್ಸ್ ಐರನ್‌ವರ್ಕ್ಸ್ ಅಂತಹ ಒಂದು ಉದ್ಯಮ. ಅದರ ಏಳುಬೀಳುಗಳನ್ನೂ, ಅದು ಬಿಟ್ಟುಹೋದ ಜನಸ್ಮೃತಿಯನ್ನೂ ಒಟ್ಟಿಗೆ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಹತ್ತೊಂಬತ್ತನೆಯ ಶತಮಾನದ ಆರಂಭದಲ್ಲಿ ಹಡಗು ಎಂದರೆ ಮರದ ಹಡಗು. ಇಂಗ್ಲೆಂಡಿನಲ್ಲಿ ಓಕ್ ಮರದ ಅಭಾವ ತಲೆದೋರಿದಾಗ ಬ್ರಿಟಿಷ್ ನೌಕಾಪಡೆಯ ಕಣ್ಣು ಭಾರತದ ಪಶ್ಚಿಮ ಕರಾವಳಿಯ ತೇಗದ ಮೇಲೆ ಬಿತ್ತು. ಮಲಬಾರ್ ಮತ್ತು ಕನ್ನಡ ಜಿಲ್ಲೆಯ ಕಾಡುಗಳ ತೇಗದ ಮೇಲೆ ಈಸ್ಟ್ ಇಂಡಿಯಾ ಕಂಪನಿಯು ಆ ಶತಮಾನದ ಮೊದಲ ದಶಕದಲ್ಲಿ ಏಕಸ್ವಾಮ್ಯವನ್ನು ಸ್ಥಾಪಿಸಿತು. ಮುಂಬಯಿಯ ವಾಡಿಯಾ ಮನೆತನದ ಪಾರಸಿ ಶಿಲ್ಪಿಗಳು ತೇಗದಿಂದಲೇ ಬ್ರಿಟಿಷ್ ಯುದ್ಧನೌಕೆಗಳನ್ನು ಕಟ್ಟಿಕೊಟ್ಟರು. 1817ರಲ್ಲಿ ಅಲ್ಲಿ ನೀರಿಗಿಳಿದ ಟ್ರಿಂಕೋಮಲಿ ಎಂಬ ನೌಕೆ ಇಂಗ್ಲೆಂಡಿನ ಹಾರ್ಟಲ್‌ಪೂಲ್ ಬಂದರಿನಲ್ಲಿ ಇಂದಿಗೂ ತೇಲುತ್ತಿದೆ. ಕಬ್ಬಿಣ ಬಂದು ಈ ವ್ಯವಸ್ಥೆಯನ್ನೆಲ್ಲ ತಲೆಕೆಳಗು ಮಾಡಿತು ಎಂದು ಹೇಳುವುದುಂಟು. ಅದು ಪೂರ್ಣ ಸತ್ಯವಲ್ಲವೆಂಬುದನ್ನು ಮುಂದೆ ನೋಡಬಹುದು.

ಥಾಮಸ್ ಡಿಚ್‌ಬರ್ನ್ ಎಂಬ ಹಡಗು ಶಿಲ್ಪಿಯೂ ಚಾರ್ಲ್ಸ್ ಜಾನ್ ಮೇರ್ ಎಂಬ ತಂತ್ರಜ್ಞನೂ 1837ರಲ್ಲಿ ಪಾಲುದಾರಿಕೆಗಿಳಿದರು. ಡೆಪ್ಟ್‌ಫರ್ಡ್‌ನಲ್ಲಿದ್ದ ಅವರ ಕಾರ್ಯಾಗಾರ ಬೆಂಕಿಗೆ ಆಹುತಿಯಾದ ಮೇಲೆ ಬೋ ಕ್ರೀಕ್‌ನ ದಂಡೆಗೆ ಸ್ಥಳಾಂತರಗೊಂಡರು. ಥೇಮ್ಸ್ ತೀರದಲ್ಲಿ ಕಬ್ಬಿಣದ ಹಡಗುಗಳನ್ನು ಕಟ್ಟಿದ ಮೊದಲಿಗರಲ್ಲಿ ಇವರೂ ಸೇರುತ್ತಾರೆ. 1845ರಲ್ಲಿ ವಿಕ್ಟೋರಿಯಾ ರಾಣಿಯ ಉಪಯೋಗಕ್ಕಾಗಿ ಫೇರಿ ಎಂಬ ಪುಟ್ಟ ಕಬ್ಬಿಣದ ನೌಕೆಯನ್ನು ನಿರ್ಮಿಸಿಕೊಟ್ಟರು. 1847ರಲ್ಲಿ ಡಿಚ್‌ಬರ್ನ್ ನಿವೃತ್ತನಾದ. ಮೇರ್ ಸಾಹಸಿ, ಆದರೆ ಲೆಕ್ಕಾಚಾರದಲ್ಲಿ ದುಡುಕುವ ಸ್ವಭಾವದವನು. ಅಳಿವೆಯ ಆಚೆ ದಂಡೆಯ ಜೌಗುಭೂಮಿಗೆ ಕಾರ್ಖಾನೆಯನ್ನು ವಿಸ್ತರಿಸಿದ, ಮೆನಾಯ್ ಜಲಸಂಧಿಯ ಬ್ರಿಟಾನಿಯಾ ಸೇತುವೆಗೆ ಕಬ್ಬಿಣದ ಕೊಳವೆಗಳನ್ನು ಕಟ್ಟಿದ, 1853ರಲ್ಲಿ ಪಿ. ಅಂಡ್ ಓ. ಕಂಪನಿಗಾಗಿ ಆ ಕಾಲದ ಅತಿದೊಡ್ಡ ಪ್ರಯಾಣಿಕ ಹಡಗುಗಳಲ್ಲೊಂದಾದ ಹಿಮಾಲಯವನ್ನು ನೀರಿಗಿಳಿಸಿದ. ಕ್ರಿಮಿಯಾ ಯುದ್ಧದ ಬೇಡಿಕೆ ಕೈತುಂಬ ಇದ್ದರೂ ಆ ಯುದ್ಧ ಮುಗಿಯುವ ಹೊತ್ತಿಗೆ ಆತ ದಿವಾಳಿಯಾಗಿದ್ದ. ಮರದ ವ್ಯಾಪಾರಿಯೂ ಆತನ ಮಾವನೂ ಆದ ಪೀಟರ್ ರೋಲ್ಟ್ ಮುಂದೆ ಬಂದು 1857ರಲ್ಲಿ ಉದ್ಯಮವನ್ನು ಸೀಮಿತ ಹೊಣೆಯ ಕಂಪನಿಯಾಗಿ ಪುನರ್ರಚಿಸಿದ. ಥೇಮ್ಸ್ ಐರನ್‌ವರ್ಕ್ಸ್ ಎಂಬ ಹೆಸರು ಬಂದದ್ದು ಆಗ. ಕಬ್ಬಿಣದ ಹಡಗುಕಟ್ಟೆಯನ್ನು ಉಳಿಸಿದವನು ಮರದ ವ್ಯಾಪಾರಿ ಎಂಬುದು ಸ್ವಾರಸ್ಯಕರ.

ಇಲ್ಲಿನ ಕೆಲಸದ ಸ್ವರೂಪವನ್ನು ತಿಳಿಯದೆ ಈ ಸಮುದಾಯದ ಸ್ಮೃತಿ ಅರ್ಥವಾಗುವುದಿಲ್ಲ. ಮರದ ಹಡಗು ಬಡಗಿಯ ಕಸುಬು. ಕಬ್ಬಿಣದ ಹಡಗು ಸುತ್ತಿಗೆಯ ಕಸುಬು. ಕಬ್ಬಿಣದ ಹಲಗೆಗಳನ್ನು ಒಂದರ ಮೇಲೊಂದು ಅಂಚು ಕೂಡಿಸಿ, ಸಾಲಾಗಿ ತೂತು ಕೊರೆದು, ಆ ತೂತುಗಳಲ್ಲಿ ಕಾದ ರಿವೆಟ್ಟುಗಳನ್ನು ತೂರಿಸಿ ಬಡಿದು ಬಿಗಿಯುವುದು ಅದರ ಮೂಲ ಕ್ರಮ. ಒಬ್ಬ ಹುಡುಗ ಸಣ್ಣ ಕುಲುಮೆಯಲ್ಲಿ ರಿವೆಟ್ಟನ್ನು ಕೆಂಪಗೆ ಕಾಯಿಸಿ ಇಕ್ಕಳದಲ್ಲಿ ಹಿಡಿದು ಕೊಡುತ್ತಿದ್ದ. ಒಳಬದಿಯಲ್ಲಿ ಒಬ್ಬ ಭಾರವಾದ ಕಬ್ಬಿಣವನ್ನು ಅದರ ತಲೆಗೆ ಒತ್ತಿ ಹಿಡಿಯುತ್ತಿದ್ದ. ಹೊರಬದಿಯಲ್ಲಿ ಇಬ್ಬರು ಎದುರುಬದುರಾಗಿ ನಿಂತು ಒಬ್ಬರ ಏಟಿನ ಬೆನ್ನಿಗೆ ಇನ್ನೊಬ್ಬರು ಬಡಿಯುತ್ತಿದ್ದರು. ಒಬ್ಬ ಬಲಗೈಯವನು, ಇನ್ನೊಬ್ಬ ಎಡಗೈಯವನು ಆದರೆ ಜೋಡಿ ಉತ್ತಮ. ರಿವೆಟ್ಟು ತಣಿಯುತ್ತ ಕುಗ್ಗಿದಂತೆ ಎರಡು ಹಲಗೆಗಳೂ ಬಿಗಿಯಾಗಿ ಕಚ್ಚಿಕೊಳ್ಳುತ್ತಿದ್ದವು. ಒಂದು ಹಡಗಿಗೆ ಇಂತಹ ಲಕ್ಷಾಂತರ ಬಡಿತಗಳು ಬೇಕು. ವರ್ಷಗಟ್ಟಲೆ ಈ ಸದ್ದಿನ ನಡುವೆ ದುಡಿದವರು ಕಿವುಡರಾಗುವುದು ವೃತ್ತಿಯ ಸಹಜ ಧರ್ಮವೆಂದೇ ಆ ಕಾಲ ಭಾವಿಸಿತ್ತು. ಸುತ್ತಿಗೆ ಈ ಜನರ ಲಾಂಛನವಾದದ್ದು ಆಕಸ್ಮಿಕವಲ್ಲ.

ಕಂಪನಿಗೆ ಅಪಾರ ಕೀರ್ತಿಯನ್ನು ತಂದದ್ದು ವಾರಿಯರ್ ಎಂಬ ಯುದ್ಧನೌಕೆ. ಫ್ರಾನ್ಸ್ ದೇಶ ಮರದ ಒಡಲಿಗೆ ಕಬ್ಬಿಣದ ಕವಚ ತೊಡಿಸಿದ ಗ್ಲ್ವಾರ್ ನೌಕೆಯನ್ನು 1859ರಲ್ಲಿ ನೀರಿಗಿಳಿಸಿತು. ಅದಕ್ಕೆ ಬ್ರಿಟನ್ನಿನ ಉತ್ತರವಾದ ವಾರಿಯರ್‌ಗೆ ಒಡಲೂ ಕಬ್ಬಿಣ, ಕವಚವೂ ಕಬ್ಬಿಣ. ಉದ್ದ 420 ಅಡಿ, ಭಾರ ಒಂಬತ್ತು ಸಾವಿರ ಟನ್ನಿಗೂ ಮಿಗಿಲು. ಅದರ ಕವಚದ ರಚನೆ ಗಮನಾರ್ಹವಾದುದು: ನಾಲ್ಕೂವರೆ ಅಂಗುಲ ದಪ್ಪದ ಕಬ್ಬಿಣದ ಹಿಂದೆ ಹದಿನೆಂಟು ಅಂಗುಲ ದಪ್ಪದ ತೇಗ. ಗುಂಡಿನ ಆಘಾತವನ್ನು ಹೀರಲು ಕಬ್ಬಿಣಕ್ಕೂ ಮರದ ಬೆನ್ನಾಸರೆ ಬೇಕಾಯಿತು. ತೇಗ ಇಂಗ್ಲೆಂಡಿನ ಮಣ್ಣಿನಲ್ಲಿ ಬೆಳೆಯುವ ಮರವಲ್ಲ. ಕಬ್ಬಿಣಯುಗವು ಏಷ್ಯಾದ ಕಾಡುಗಳಿಗೆ ಬಿಡುಗಡೆ ತಂದಿತೆಂಬ ಮಾತನ್ನು ಈ ಕಾರಣಕ್ಕಾಗಿಯೇ ಸಂದೇಹದಿಂದ ನೋಡಬೇಕಾಗುತ್ತದೆ.

1860ರ ಡಿಸೆಂಬರ್ 29ರಂದು ಹಡಗನ್ನು ನೀರಿಗಿಳಿಸುವ ಏರ್ಪಾಡಾಯಿತು. ಆ ವರ್ಷದ ಚಳಿ ಎಷ್ಟು ತೀವ್ರವಾಗಿತ್ತೆಂದರೆ ಹಡಗು ಹಿಮಗಟ್ಟಿ ತನ್ನ ಇಳಿಜಾರು ಕಟ್ಟೆಗೇ ಅಂಟಿಕೊಂಡಿತು. ಒತ್ತುಯಂತ್ರಗಳನ್ನು ಹೂಡಿದರು, ಎಳೆಯುವ ದೋಣಿಗಳನ್ನು ಕಟ್ಟಿದರು. ಕೊನೆಗೆ ಕೆಲಸಗಾರರನ್ನು ಹಡಗಿನ ಮೇಲೆ ಹತ್ತಿಸಿ ಒಂದು ಬದಿಯಿಂದ ಇನ್ನೊಂದು ಬದಿಗೆ ಓಡಾಡಿಸಿ ಹಡಗನ್ನು ಅಲುಗಾಡಿಸಿದರು. ಕದಲದ ತೇರಿಗೆ ಸನ್ನೆ ಹಾಕುವ ದೃಶ್ಯವನ್ನು ಬಲ್ಲವರಿಗೆ ಇದು ಅಪರಿಚಿತವೆನಿಸದು. ಕೀರ್ತಿಯ ಜೊತೆಗೆ ನಷ್ಟವೂ ಬಂದಿತು. ಒಪ್ಪಂದದ ಬೆಲೆ ಸಾಲದೆ ಕಂಪನಿ ಮುಳುಗುವ ಸ್ಥಿತಿ ಒದಗಿದಾಗ ನೌಕಾ ಇಲಾಖೆ 50,000 ಪೌಂಡುಗಳನ್ನು ಹೆಚ್ಚುವರಿಯಾಗಿ ನೀಡಿ ಉಳಿಸಬೇಕಾಯಿತು. ಅಲ್ಲಿಂದ ಮುಂದೆ ರಷ್ಯ, ಸ್ಪೇನ್, ಗ್ರೀಸ್, ಪ್ರಷ್ಯ, ಪೋರ್ಚುಗಲ್, ಜಪಾನ್ ದೇಶಗಳ ನೌಕೆಗಳು ಈ ಅಳಿವೆಯಲ್ಲಿ ಹುಟ್ಟಿದವು.

1866ರಲ್ಲಿ ಓವರೆಂಡ್ ಗರ್ನಿ ಎಂಬ ಹಣಕಾಸು ಸಂಸ್ಥೆ ಕುಸಿದುಬಿದ್ದಾಗ ಥೇಮ್ಸ್ ತೀರದ ಹಡಗುಕಟ್ಟೆಗಳು ಒಂದರ ಹಿಂದೊಂದು ಮುಚ್ಚಿದವು. ಪೂರ್ವ ಲಂಡನ್ನಿನ ಸಾವಿರಾರು ಮನೆಗಳಲ್ಲಿ ಒಲೆ ಉರಿಯಲಿಲ್ಲ. ಕಲ್ಲಿದ್ದಲೂ ಕಬ್ಬಿಣವೂ ಪಕ್ಕದಲ್ಲೇ ದೊರೆಯುವ ಕ್ಲೈಡ್ ಮತ್ತು ಟೈನ್ ನದಿಗಳ ತೀರಕ್ಕೆ ಉದ್ಯಮ ಸರಿಯತೊಡಗಿತು. ಲಂಡನ್ನಿನಲ್ಲಿ ಜಾಗದ ಬೆಲೆಯೂ ಕೂಲಿಯೂ ಹೆಚ್ಚು. ಕಬ್ಬಿಣವೂ ಕಲ್ಲಿದ್ದಲೂ ದೂರದಿಂದ ಬರಬೇಕು. ನದಿಯ ಉಳಿದ ಕಟ್ಟೆಗಳು ಬಹುಮಟ್ಟಿಗೆ ದುರಸ್ತಿಯ ಕೆಲಸವನ್ನು ನಂಬಿ ಬದುಕಿದವು. ಥೇಮ್ಸ್ ಐರನ್‌ವರ್ಕ್ಸ್ ಮಾತ್ರ ಯುದ್ಧನೌಕೆಗಳ ಜೊತೆಗೆ ದುರಸ್ತಿ, ಸೇತುವೆ, ಜೀವರಕ್ಷಕ ದೋಣಿ ಹೀಗೆ ಸಿಕ್ಕಿದ್ದನ್ನೆಲ್ಲ ಹಿಡಿದು ಇನ್ನೂ ನಾಲ್ಕು ದಶಕಗಳಿಗಿಂತ ಹೆಚ್ಚು ಕಾಲ ನಿಂತಿತು. 1899ರಲ್ಲಿ ಗ್ರೀನಿಚ್‌ನ ಜಾನ್ ಪೆನ್ ಯಂತ್ರನಿರ್ಮಾಣ ಸಂಸ್ಥೆಯನ್ನೂ ಸೇರಿಸಿಕೊಂಡಿತು.

ಈ ಎರಡನೆಯ ಘಟ್ಟದ ಕೇಂದ್ರ ವ್ಯಕ್ತಿ ಆರ್ನಲ್ಡ್ ಹಿಲ್ಸ್. ಶ್ರೀಮಂತ ಮನೆಯಲ್ಲಿ ಹುಟ್ಟಿ, ಹ್ಯಾರೋ ಮತ್ತು ಆಕ್ಸ್‌ಫರ್ಡ್‌ಗಳಲ್ಲಿ ಕಲಿತು, 1880ರಲ್ಲಿ ನಿರ್ದೇಶಕ ಮಂಡಲಿಗೆ ಬಂದ ಈತ ಕೆಲವು ವರ್ಷ ಕಾರ್ಖಾನೆಯ ಸಮೀಪದಲ್ಲೇ, ದುಡಿಯುವ ಜನರ ನಡುವೆ ವಾಸವಾಗಿದ್ದ. ಮದ್ಯ ಮುಟ್ಟದವನು, ಮಾಂಸ ತಿನ್ನದವನು. ಲಾಭದಲ್ಲಿ ಕೆಲಸಗಾರರಿಗೆ ಪಾಲು ನೀಡುವ ಯೋಜನೆಯನ್ನು 1892ರಲ್ಲಿಯೂ, ಎಂಟು ಗಂಟೆಗಳ ದುಡಿಮೆಯನ್ನು 1894ರಲ್ಲಿಯೂ ಜಾರಿಗೆ ತಂದ. ಇವು ಆ ಕಾಲಕ್ಕೆ ಸಣ್ಣ ಸಂಗತಿಗಳಲ್ಲ. ಆದರೆ ಇದೇ ಹಿಲ್ಸ್ 1889ರಿಂದ 1891ರ ನಡುವಣ ಮುಷ್ಕರಗಳಲ್ಲಿ ಸಂಘಕ್ಕೆ ಸೇರದ ಹೊರಗಿನವರನ್ನು ಕರೆತಂದು ಕೆಲಸ ಮಾಡಿಸಿದ್ದನ್ನು ಮರೆಯುವಂತಿಲ್ಲ. ಔದಾರ್ಯ ಆತನ ಕೈಯಿಂದ ಇಳಿದುಬರಬೇಕು. ಕೆಲಸಗಾರರು ಅದನ್ನು ಹಕ್ಕೆಂದು ಕೇಳಬಾರದು. ಮನೆಯ ಯಜಮಾನನ ಧೋರಣೆ ಇದು.

ಈ ಧೋರಣೆಯನ್ನು ಹತ್ತಿರದಿಂದ ಕಂಡ ಭಾರತೀಯರೊಬ್ಬರಿದ್ದಾರೆ. ಲಂಡನ್ನಿನಲ್ಲಿ ಕಾನೂನು ಓದುತ್ತಿದ್ದ ಗಾಂಧೀಜಿಯವರು ಅಲ್ಲಿನ ಸಸ್ಯಾಹಾರಿ ಸಂಘದ ಕಾರ್ಯಕಾರಿ ಸಮಿತಿಯಲ್ಲಿದ್ದರು. ಅದರ ಅಧ್ಯಕ್ಷ ಹಿಲ್ಸ್. ಸಂತಾನ ನಿಯಂತ್ರಣವನ್ನು ಪ್ರತಿಪಾದಿಸುತ್ತಿದ್ದ ಡಾ. ಆಲಿನ್ಸನ್‌ರನ್ನು ಸಂಘದಿಂದ ಹೊರಹಾಕುವ ಪ್ರಸ್ತಾಪ 1891ರಲ್ಲಿ ಬಂದಿತು. ಆಲಿನ್ಸನ್‌ರ ಅಭಿಪ್ರಾಯ ಗಾಂಧೀಜಿಯವರಿಗೂ ಒಪ್ಪಿಗೆಯಾಗಿರಲಿಲ್ಲ. ಆದರೆ ಸಸ್ಯಾಹಾರದ ಸಂಘಕ್ಕೂ ಆ ವಿಷಯಕ್ಕೂ ಸಂಬಂಧವಿಲ್ಲವೆಂದು ಅವರು ಲಿಖಿತ ಹೇಳಿಕೆ ಸಿದ್ಧಪಡಿಸಿದರು. ಸಂಕೋಚದಿಂದ ಓದಲಾಗದೆ ಬೇರೊಬ್ಬರಿಂದ ಅದನ್ನು ಓದಿಸಬೇಕಾಯಿತು. ಹಿಲ್ಸ್‌ರ ಪಕ್ಷವೇ ಗೆದ್ದಿತು. ಸಂಘ ನಡೆಯುತ್ತಿದ್ದುದು ಬಹುಪಾಲು ಹಿಲ್ಸ್‌ರ ಹಣದಿಂದ ಎಂಬುದನ್ನು ಗಾಂಧೀಜಿಯವರು ಆತ್ಮಕಥೆಯಲ್ಲಿ ಗೌರವದಿಂದಲೇ ದಾಖಲಿಸಿದ್ದಾರೆ.

ಮುಷ್ಕರಗಳ ಕಹಿಯನ್ನು ಕರಗಿಸಲು ಹಿಲ್ಸ್ ಕಂಪನಿಯ ಪತ್ರಿಕೆಯನ್ನೂ ಹಲವು ಕ್ರೀಡಾಸಂಘಗಳನ್ನೂ ಪ್ರೋತ್ಸಾಹಿಸಿದ. ಮೇಸ್ತ್ರಿಯಾಗಿದ್ದ ಡೇವ್ ಟೇಲರ್‌ನ ಉತ್ಸಾಹದಿಂದ 1895ರಲ್ಲಿ ಫುಟ್‌ಬಾಲ್ ತಂಡ ರೂಪುಗೊಂಡಿತು. ಕೆಲವೇ ವರ್ಷಗಳಲ್ಲಿ ತಂಡ ಹಣ ಕೊಟ್ಟು ಆಟಗಾರರನ್ನು ಕರೆತರುವ ಹಂತ ತಲುಪಿದಾಗ ಹಿಲ್ಸ್‌ಗೆ ಅಸಮಾಧಾನವಾಯಿತು. 1900ರಲ್ಲಿ ಅದು ಕಂಪನಿಯ ನಂಟನ್ನು ಕಳಚಿಕೊಂಡು ವೆಸ್ಟ್ ಹ್ಯಾಮ್ ಯುನೈಟೆಡ್ ಎಂಬ ಹೆಸರಿನಲ್ಲಿ ಮರುಹುಟ್ಟು ಪಡೆಯಿತು.

ಇದರ ನಡುವೆ 1898ರ ಜೂನ್ 21ರ ದುರಂತ ನಡೆಯಿತು. ಆಲ್ಬಿಯನ್ ಎಂಬ ಯುದ್ಧನೌಕೆಯನ್ನು ನೀರಿಗಿಳಿಸಲು ಯಾರ್ಕ್‌ನ ಡಚೆಸ್ ಬಂದಿದ್ದಳು. ಮೂವತ್ತು ಸಾವಿರದಷ್ಟು ಜನ ನೆರೆದಿದ್ದರು. ಸೀಸೆಯನ್ನು ಹಡಗಿನ ಮೂತಿಗೆ ಒಡೆಯುವ ಶಾಸ್ತ್ರದಲ್ಲಿ ಸೀಸೆ ಮೊದಲ ಏಟುಗಳಿಗೆ ಒಡೆಯಲಿಲ್ಲ ಎಂದು ವರದಿಯಾಗಿದೆ. ನಾವಿಕ ಜನರ ನಂಬಿಕೆಯಲ್ಲಿ ಇದು ಅಪಶಕುನ. ಹಡಗು ಇಕ್ಕಟ್ಟಾದ ಅಳಿವೆಗೆ ಜಾರಿದಾಗ ಎದ್ದ ಅಲೆ, ಪಕ್ಕದಲ್ಲಿ ಕಟ್ಟುತ್ತಿದ್ದ ಜಪಾನಿನ ಶಿಕಿಶಿಮ ನೌಕೆಯ ಬಳಿಯ ತಾತ್ಕಾಲಿಕ ಕಾಲುಸೇತುವೆಯನ್ನು ಕಿತ್ತೆಸೆಯಿತು. ಅಪಾಯದ ಎಚ್ಚರಿಕೆಯನ್ನು ಲೆಕ್ಕಿಸದೆ ಅದರ ಮೇಲೆ ಕಿಕ್ಕಿರಿದಿದ್ದ ಸುಮಾರು ಇನ್ನೂರು ಜನ ನೀರಿಗೆ ಬಿದ್ದರು. ಜಯಘೋಷದ ಅಬ್ಬರದಲ್ಲಿ ಮುಳುಗುವವರ ಕೂಗು ಕೇಳಿಸಲಿಲ್ಲ. ಮೂವತ್ತಕ್ಕೂ ಹೆಚ್ಚು ಮಂದಿ, ಅವರಲ್ಲಿ ಹೆಂಗಸರು ಮಕ್ಕಳೇ ಅನೇಕರು, ಸತ್ತರು. ಹಿಲ್ಸ್ ಸತ್ತವರ ಮನೆಗಳಿಗೆ ತೆರಳಿ ಅಂತ್ಯಕ್ರಿಯೆಯ ವೆಚ್ಚ ಭರಿಸಿದ. ಚಲನಚಿತ್ರ ಆಗಷ್ಟೇ ಹುಟ್ಟಿದ್ದ ಕಾಲವದು. ರಾಬರ್ಟ್ ಪಾಲ್ ಈ ದಿನದ ದೃಶ್ಯಗಳನ್ನು ಸೆರೆಹಿಡಿದು ಪ್ರದರ್ಶಿಸಿದಾಗ ಸಾವನ್ನು ತೋರಿಸಿ ಹಣ ಮಾಡುವುದು ಸರಿಯೇ ಎಂಬ ಚರ್ಚೆ ಎದ್ದಿತು. ಪೂರ್ವ ಲಂಡನ್ನಿನ ಸ್ಮಶಾನದಲ್ಲಿ ಲಂಗರಿನ ಆಕೃತಿಯುಳ್ಳ ಸ್ಮಾರಕವಿದೆ.

ಕೊನೆಯ ದೊಡ್ಡ ಹಡಗು ಥಂಡರರ್. ಇಪ್ಪತ್ತೆರಡು ಸಾವಿರ ಟನ್ನುಗಳ ಈ ನೌಕೆ 1911ರ ಫೆಬ್ರವರಿ 1ರಂದು ನೀರಿಗಿಳಿಯಿತು. ಹಡಗುಗಳು ಅಳಿವೆಯನ್ನು ಮೀರಿ ಬೆಳೆದಿದ್ದವು. ಇದರ ಉಳಿದ ಜೋಡಣೆಯನ್ನು ಡ್ಯಾಗೆನ್‌ಹ್ಯಾಮ್‌ನಲ್ಲಿ ಮಾಡಬೇಕಾಯಿತು. ಮುಂದೆ ಬೇಡಿಕೆ ಬರಲಿಲ್ಲ. ಕೀಲುನೋವಿನಿಂದ ನಡೆಯಲಾರದೆ ಹೋಗಿದ್ದ ಹಿಲ್ಸ್ 1912ರ ಆರಂಭದಲ್ಲಿ ಟ್ರಫಾಲ್ಗರ್ ಚೌಕದ ಸಭೆಗೆ ಹೊತ್ತು ತರಿಸಿಕೊಂಡು ಸರ್ಕಾರಕ್ಕೆ ಮೊರೆಯಿಟ್ಟ. ನೌಕಾ ಇಲಾಖೆಯ ಸಚಿವ ವಿನ್‌ಸ್ಟನ್ ಚರ್ಚಿಲ್ ಮಣಿಯಲಿಲ್ಲ. ಎಂಟು ಗಂಟೆಯ ದುಡಿಮೆಯನ್ನು ಕೊಟ್ಟದ್ದಕ್ಕೇ ತನಗೆ ಶಿಕ್ಷೆಯಾಯಿತೆಂದು ಹಿಲ್ಸ್ ನಂಬಿದ್ದ. ಕಲ್ಲಿದ್ದಲಿನ ದೂರ, ಅಳಿವೆಯ ಅಗಲ ಇವನ್ನು ನೋಡಿದರೆ ಈ ನಂಬಿಕೆಯನ್ನು ಪೂರ್ತಿಯಾಗಿ ಒಪ್ಪುವುದು ಕಷ್ಟ. ಅದೇ ವರ್ಷದ ಡಿಸೆಂಬರ್‌ನಲ್ಲಿ ಕಾರ್ಖಾನೆ ಮುಚ್ಚಿತು.

ಜನಸ್ಮೃತಿ ಈ ಚರಿತ್ರೆಯಲ್ಲಿ ಯಾವುದನ್ನು ಇಟ್ಟುಕೊಂಡಿತು, ಯಾವುದನ್ನು ಬಿಟ್ಟಿತು ಎಂಬುದು ಕುತೂಹಲಕರ. ವೆಸ್ಟ್ ಹ್ಯಾಮ್ ತಂಡದ ಅಭಿಮಾನಿಗಳು ಇಂದಿಗೂ ತಮ್ಮವರನ್ನು ‘ಐರನ್ಸ್’ ಎಂದೂ ‘ಹ್ಯಾಮರ್ಸ್’ ಎಂದೂ ಕರೆಯುತ್ತಾರೆ. ಅಡ್ಡಲಾಗಿ ಜೋಡಿಸಿದ ಎರಡು ರಿವೆಟ್ ಸುತ್ತಿಗೆಗಳು ತಂಡದ ಲಾಂಛನ. ನದಿಯಾಚೆಯ ಮಿಲ್‌ವಾಲ್ ತಂಡದೊಂದಿಗಿನ ಕಡುವೈರಕ್ಕೆ ಹೇಳುವ ಐತಿಹ್ಯ ಇನ್ನೂ ಸ್ವಾರಸ್ಯಕರ. 1926ರ ಸಾರ್ವತ್ರಿಕ ಮುಷ್ಕರದಲ್ಲಿ ಮಿಲ್‌ವಾಲ್ ಕಡೆಯ ಹಡಗುಕಟ್ಟೆಯವರು ಮುಷ್ಕರ ಮುರಿದರು, ಅಂದಿನಿಂದ ಈ ದ್ವೇಷ ಎಂಬುದು ಬಾಯಿಂದ ಬಾಯಿಗೆ ಬಂದ ಕಥೆ. ಥೇಮ್ಸ್ ಐರನ್‌ವರ್ಕ್ಸ್ ಮುಚ್ಚಿ ಆಗಲೇ ಹದಿನಾಲ್ಕು ವರ್ಷಗಳಾಗಿದ್ದವು. ಎರಡೂ ತಂಡಗಳು 1899ರಲ್ಲಿಯೇ ಎಫ್.ಎ. ಕಪ್ ಪಂದ್ಯದಲ್ಲಿ ಎದುರಾಗಿದ್ದವು. ಕಥೆಯಾಗಿ ಇದು ನಿಲ್ಲುತ್ತದೆ, ದಾಖಲೆಯಾಗಿ ನಿಲ್ಲುವುದಿಲ್ಲ. ಆದರೂ ಅದನ್ನು ಸುಳ್ಳೆಂದು ತಳ್ಳಿಹಾಕುವುದು ಜಾನಪದ ಅಧ್ಯಯನದ ಕ್ರಮವಲ್ಲ. ಹೊರಗಿನವರನ್ನು ತಂದು ಮುಷ್ಕರ ಮುರಿದವನು ತಂಡಕ್ಕೆ ಪೋಷಕನಾದ ಯಜಮಾನನೇ ಎಂಬ ಸಂಗತಿಯನ್ನು ಈ ಐತಿಹ್ಯ ಮರೆಮಾಚಿ, ಆ ಕಳಂಕವನ್ನು ಆಚೆದಡದವರ ತಲೆಗೆ ಕಟ್ಟಿದೆ. ಯಜಮಾನನ ಋಣವನ್ನೂ ಮುಷ್ಕರದ ಮರ್ಯಾದೆಯನ್ನೂ ಒಟ್ಟಿಗೆ ಉಳಿಸಿಕೊಳ್ಳಲು ಸಮುದಾಯಕ್ಕೆ ಇದೊಂದು ದಾರಿಯಾಗಿರಬೇಕು.

ಭೌತಿಕವಾಗಿ ಉಳಿದಿರುವುದು ಅಲ್ಪ. ಐದು ದಶಕಗಳ ಕಾಲ ವೇಲ್ಸ್‌ನ ಬಂದರೊಂದರಲ್ಲಿ ಎಣ್ಣೆ ತುಂಬಿಸುವ ತೇಲುಗಟ್ಟೆಯಾಗಿ ಬಿದ್ದಿದ್ದ ವಾರಿಯರ್ 1979ರಲ್ಲಿ ಹಾರ್ಟಲ್‌ಪೂಲ್‌ಗೆ, ಅಂದರೆ ಮುಂಬಯಿಯ ಟ್ರಿಂಕೋಮಲಿ ಈಗ ನೆಲೆಸಿರುವ ಬಂದರಿಗೇ, ದುರಸ್ತಿಗಾಗಿ ಬಂದಿತು. 1987ರಿಂದ ಪೋರ್ಟ್ಸ್‌ಮತ್‌ನಲ್ಲಿ ಪ್ರದರ್ಶನಕ್ಕಿದೆ. ಕ್ಯಾನಿಂಗ್ ಟೌನ್ ರೈಲು ನಿಲ್ದಾಣದಲ್ಲಿ ಕಂಪನಿಯ ಚರಿತ್ರೆಯನ್ನು ಕೆತ್ತಿದ ಗೋಡೆಯೊಂದಿದೆ. 2012ರಲ್ಲಿ ಹೊಸ ರೈಲು ಸುರಂಗಕ್ಕಾಗಿ ಬೋ ಕ್ರೀಕ್‌ನ ದಂಡೆಯನ್ನು ಅಗೆದಾಗ ಕಾರ್ಖಾನೆಯ ಅಡಿಪಾಯಗಳು ಮಣ್ಣಿನಡಿಯಿಂದ ಹೊರಬಂದವು.