ಹುಲಿಯ ಒಡಲಿನ ಕೊಳವೆಗಳು

ಆರ್ಗನ್ ಎಂಬ ಹೆಸರು ಕಿವಿಗೆ ಬಿದ್ದೊಡನೆ ನಮ್ಮ ಮನಸ್ಸಿನ ಮುಂದೆ ನಿಲ್ಲುವುದು ಯೂರೋಪಿನ ಯಾವುದೋ ಎತ್ತರದ ಇಗರ್ಜಿ, ಅದರ ಗೋಡೆಯ ಮೇಲೆ ಸಾಲುಗಟ್ಟಿ ನಿಂತ ಲೋಹದ ಕೊಳವೆಗಳು, ಕೆಳಗೆ ಕುಳಿತು ಕೈಕಾಲುಗಳೆರಡರಿಂದಲೂ ನುಡಿಸುವ ವಾದಕ. ಇದು ನಮಗೆ ಸಂಬಂಧಪಡದ ದೂರದ ವಾದ್ಯ ಎಂಬ ಭಾವನೆ ಸಹಜವೇ. ಆದರೆ ಕನ್ನಡ ನಾಡಿನಲ್ಲಿ ತಯಾರಾಗಿ ಇಂದು ಲೋಕಪ್ರಸಿದ್ಧವಾಗಿರುವ ಒಂದು ಪುಟ್ಟ ಆರ್ಗನ್ ಇದೆ. ಅದು ಯಾವ ಇಗರ್ಜಿಯಲ್ಲಿಯೂ ಇಲ್ಲ. ಮರದ ಹುಲಿಯೊಂದರ ಹೊಟ್ಟೆಯೊಳಗಿದೆ. ಆ ಹುಲಿ ಇರುವುದು ಲಂಡನ್ನಿನ ವಿಕ್ಟೋರಿಯಾ ಅಂಡ್ ಆಲ್ಬರ್ಟ್ ವಸ್ತುಸಂಗ್ರಹಾಲಯದಲ್ಲಿ. ಟಿಪ್ಪುವಿನ ಹುಲಿ ಎಂದು ಅದರ ಹೆಸರು. ಹೆಸರಿನಲ್ಲಿ ಒಡೆಯನಿದ್ದಾನೆ. ಅದನ್ನು ಮಾಡಿದವರ ವಿಚಾರವಾಗಿ ಈ ಹೊತ್ತು ಕೆಲವು ಮಾತುಗಳನ್ನು ಹೇಳಬೇಕೆಂದಿದ್ದೇನೆ.

ಮೊದಲು ವಾದ್ಯದ ತತ್ತ್ವವನ್ನು ತಿಳಿಯೋಣ. ಕೊಳವೆಯ ಆರ್ಗನ್ನಿಗೆ ಬೇಕಾದದ್ದು ಮೂರು ಅಂಗ. ಗಾಳಿಯನ್ನು ಒತ್ತಿ ಕಳುಹಿಸುವ ತಿದಿ. ಆ ಗಾಳಿ ಹೊಕ್ಕು ದನಿಗೊಡುವ ಕೊಳವೆಗಳು. ಯಾವ ಕೊಳವೆಗೆ ಯಾವಾಗ ಗಾಳಿ ಸಲ್ಲಬೇಕೆಂಬುದನ್ನು ನಿಯಂತ್ರಿಸುವ ಕೀಲಿಮಣೆ. ತಿದಿಯನ್ನು ನಾವು ಕಮ್ಮಾರನ ಕುಲುಮೆಯಲ್ಲಿ ಕಂಡಿದ್ದೇವೆ. ಕೊಳವೆ ಎಂದರೆ ನಮ್ಮ ಕೊಳಲೇ. ಉದ್ದ ಕೊಳವೆ ತಗ್ಗಿನ ಸ್ವರವನ್ನೂ ಗಿಡ್ಡ ಕೊಳವೆ ಎತ್ತರದ ಸ್ವರವನ್ನೂ ಕೊಡುತ್ತದೆ. ಊದುವ ಬಾಯಿಯ ಸ್ಥಾನದಲ್ಲಿ ತಿದಿಯನ್ನೂ ರಂಧ್ರ ಮುಚ್ಚುವ ಬೆರಳಿನ ಸ್ಥಾನದಲ್ಲಿ ಸ್ವರಕ್ಕೊಂದರಂತೆ ಕೊಳವೆಯನ್ನೂ ಇಟ್ಟರೆ ಆರ್ಗನ್ ಆಯಿತು. ಕ್ರಿಸ್ತಪೂರ್ವ ೩ನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯಾ ನಗರದ ಕ್ಟೆಸಿಬಿಯಸ್ ಎಂಬ ಯಂತ್ರವಿದ್ಯಾ ನಿಪುಣನು ನೀರಿನ ಭಾರದಿಂದ ಗಾಳಿಯ ಒತ್ತಡವನ್ನು ಸಮವಾಗಿರಿಸಿ ಇಂಥ ವಾದ್ಯವನ್ನು ಮೊದಲು ರಚಿಸಿದನೆಂದು ಪ್ರತೀತಿ.

ಯೂರೋಪಿನಲ್ಲಿ ಈ ಕಸುಬು ಬೆಳೆದಂತೆ ಕಸುಬುದಾರರ ಕೀರ್ತಿಯೂ ಬೆಳೆಯಿತು. ಉತ್ತರ ಜರ್ಮನಿಯ ಆರ್ಪ್ ಶ್ನಿಟ್ಗರ್ ೧೬೯೩ರಲ್ಲಿ ಹ್ಯಾಂಬರ್ಗಿನ ಸೇಂಟ್ ಜಾಕೋಬಿ ಇಗರ್ಜಿಗೆ ಸುಮಾರು ೪೦೦೦ ಕೊಳವೆಗಳ ಆರ್ಗನ್ ಕಟ್ಟಿಕೊಟ್ಟ. ಗಾಟ್‌ಫ್ರೀಡ್ ಸಿಲ್ಬರ್‌ಮನ್ ೧೭೧೪ರಲ್ಲಿ ಫ್ರೈಬರ್ಗಿನ ದೊಡ್ಡ ಇಗರ್ಜಿಯ ಆರ್ಗನ್ನನ್ನು ಮುಗಿಸಿದ. ಇಂದಿಗೂ ಆ ವಾದ್ಯಗಳು ಅವರ ಹೆಸರಿನಿಂದಲೇ ಪರಿಚಿತ. ಹಣ ಕೊಟ್ಟವರನ್ನು ಜನ ಮರೆತಿರಬಹುದು, ಕಟ್ಟಿದವನನ್ನು ಮರೆತಿಲ್ಲ.

ಭಾರತಕ್ಕೆ ಈ ವಾದ್ಯ ಬಂದದ್ದು ಪೋರ್ಚುಗೀಸರ ಹಡಗುಗಳಲ್ಲಿ. ೧೬ನೆಯ ಶತಮಾನದ ಉತ್ತರಾರ್ಧದಲ್ಲಿ ಅಕ್ಬರನು ಹಾಜಿ ಹಬೀಬುಲ್ಲಾ ಎಂಬವನನ್ನು ಗೋವೆಗೆ ಕಳುಹಿಸಿ ಅಲ್ಲಿಯ ಅಪೂರ್ವ ವಸ್ತುಗಳನ್ನೂ ಕಸುಬುಗಳನ್ನೂ ತರಿಸಿಕೊಂಡ. ಹಾಗೆ ಬಂದ ಆರ್ಗನ್ನನ್ನು ಕಂಡು ಆಸ್ಥಾನಿಕರು ಬೆರಗಾದ ಸಂಗತಿಯನ್ನು ಬದಾಯೂನಿ ತನ್ನ ಇತಿಹಾಸ ಗ್ರಂಥದಲ್ಲಿ ದಾಖಲಿಸಿದ್ದಾನೆ. ಅಲ್ಲಿ ಅದು ಹೊರಗಿನಿಂದ ಬಂದ ಕೌತುಕದ ವಸ್ತು. ಇನ್ನೂರು ವರ್ಷಗಳ ತರುವಾಯ ಶ್ರೀರಂಗಪಟ್ಟಣದಲ್ಲಿ ನಾವು ನೋಡುವುದು ಬೇರೆಯ ಚಿತ್ರ.

ಟಿಪ್ಪುವಿನ ಹುಲಿ ಸಿದ್ಧವಾದದ್ದು ೧೭೯೦ರ ದಶಕದ ಆದಿಭಾಗದಲ್ಲಿ. ಬಣ್ಣ ಬಳಿದ ಮರದ ಹುಲಿ ಕೆಳಗೆ ಬಿದ್ದ ಯೂರೋಪಿಯನ್ ಒಬ್ಬನ ಮೇಲೆರಗಿ ಅವನ ಕುತ್ತಿಗೆಗೆ ಬಾಯಿ ಹಾಕಿದೆ. ಉದ್ದ ಆರಡಿಗೆ ಸ್ವಲ್ಪ ಕಡಿಮೆ, ಎತ್ತರ ೭೧ ಸೆಂಟಿಮೀಟರಿನಷ್ಟು. ಹಿಡಿಕೆಯೊಂದನ್ನು ತಿರುವಿದರೆ ಒಳಗಿನ ತಿದಿಗಳು ಏರಿಳಿಯುತ್ತವೆ. ಮನುಷ್ಯನ ಗಂಟಲಿನೊಳಗಿರುವ ಕೊಳವೆ ಅವನ ಬಾಯಿಂದ ಗೋಳಿನ ದನಿ ಹೊರಡಿಸುತ್ತದೆ. ಅವನ ಎಡಗೈ ಮೇಲೇಳುತ್ತದೆ, ಕೆಳಗಿಳಿಯುತ್ತದೆ. ಹುಲಿಯ ತಲೆಯಲ್ಲಿರುವ ಇನ್ನೊಂದು ಕೊಳವೆ ಎರಡು ಸ್ವರಗಳಲ್ಲಿ ಗುರುಗುಟ್ಟುತ್ತದೆ. ಇಷ್ಟು ಬಹುಜನಕ್ಕೆ ಗೊತ್ತಿರುವ ಸಂಗತಿ. ಆದರೆ ಹುಲಿಯ ಪಕ್ಕೆಯ ಮುಚ್ಚಳವನ್ನು ತೆರೆದರೆ ಒಳಗೆ ದಂತದ ಹದಿನೆಂಟು ಗುಂಡಿಗಳುಳ್ಳ ಕೀಲಿಮಣೆಯಿದೆ, ಅದರ ಹಿಂದೆ ಎರಡು ಶ್ರೇಣಿಯ ಕೊಳವೆಗಳಿವೆ. ಹೊರಗೆ ಘರ್ಜನೆ, ಗೋಳು. ಒಳಗೆ ರಾಗ ನುಡಿಸಬಹುದಾದ ವಾದ್ಯ. ಶತ್ರುವಿನ ಸಾವನ್ನು ಆಟಿಕೆಯಾಗಿಸಿದ ಈ ವಸ್ತುವಿನ ಕ್ರೌರ್ಯವನ್ನು ನಾವು ಅಲ್ಲಗಳೆಯಬೇಕಾಗಿಲ್ಲ. ಆ ಕ್ರೌರ್ಯ ಮಾಡಿಸಿದವನ ಇಚ್ಛೆಗೂ ಕಾಲದ ಯುದ್ಧಗಳಿಗೂ ಸೇರಿದ್ದು. ಕೌಶಲವಾದರೋ ಮಾಡಿದವರದು.

ಯಾರು ಅವರು? ೧೭೮೮ರಲ್ಲಿ ಟಿಪ್ಪುವಿನ ರಾಯಭಾರಿಗಳು ಫ್ರಾನ್ಸಿನ ದೊರೆ ೧೬ನೆಯ ಲೂಯಿಯನ್ನು ಕಂಡು ಕುಶಲಕರ್ಮಿಗಳನ್ನು ಕಳುಹಿಸಿಕೊಡಬೇಕೆಂದು ಕೇಳಿದ್ದರು. ಶ್ರೀರಂಗಪಟ್ಟಣದಲ್ಲಿ ಫ್ರೆಂಚ್ ಕಸುಬುದಾರರೂ ಸೈನ್ಯದ ಯಂತ್ರವಿದರೂ ಇದ್ದರು. ಆದ್ದರಿಂದ ಈ ಯಂತ್ರದ ಹಿಂದೆ ಫ್ರೆಂಚರ ಸಲಹೆ ಇರಬೇಕೆಂದು ಅನೇಕ ವಿದ್ವಾಂಸರು ಊಹಿಸಿದ್ದಾರೆ. ಆ ಊಹೆಯಲ್ಲಿ ಹುರುಳಿದೆ. ಆದರೆ ವಸ್ತುವೇ ನುಡಿಯುವ ಸಾಕ್ಷ್ಯವೂ ಒಂದಿದೆ. ಯೂರೋಪಿನ ಆರ್ಗನ್ನುಗಳಲ್ಲಿ ಲೋಹದ ಕೊಳವೆಗಳನ್ನು ವಾಡಿಕೆಯಾಗಿ ತವರ ಮತ್ತು ಸೀಸದ ಮಿಶ್ರಣದಿಂದ ಮಾಡುತ್ತಿದ್ದರು. ಇಲ್ಲಿಯ ಮೂಲ ಕೊಳವೆಗಳು ಹಿತ್ತಾಳೆಯವು; ಅವುಗಳ ಲೋಹವನ್ನು ಪರೀಕ್ಷಿಸಿದವರು ಅದು ಈ ನಾಡಿನ ಕೆಲಸವೆಂದೇ ಸೂಚಿಸಿದ್ದಾರೆ. ಮರದ ಕೆತ್ತನೆಯ ಶೈಲಿಯೂ ಅದನ್ನೇ ಹೇಳುತ್ತದೆ. ತತ್ತ್ವ ಎಲ್ಲಿಂದ ಬಂದಿದ್ದರೂ ಕೈಗಳು ಇಲ್ಲಿಯವು. ಒಂದು ಹುಲಿಗೆ ಎಷ್ಟು ಕಸುಬುಗಳು ಕೂಡಿದುವೆಂಬುದನ್ನು ಯೋಚಿಸಿ ನೋಡಿ: ಮೈ ಕೆತ್ತಿದ ಮರಗೆಲಸದವನು, ಕೊಳವೆ ಸುತ್ತಿದ ಹಿತ್ತಾಳೆ ಕೆಲಸದವನು, ಗುಂಡಿ ಕಡೆದ ದಂತದ ಕೆಲಸದವನು, ತಿದಿ ಕಟ್ಟಿದವನು, ಪಟ್ಟೆ ಬರೆದ ಚಿತ್ರಗಾರ. ಇವರೆಲ್ಲರ ಅಳತೆಗಳು ಒಂದಕ್ಕೊಂದು ಒಪ್ಪದೆ ಹೋಗಿದ್ದರೆ ಹುಲಿ ಮೂಕವಾಗುತ್ತಿತ್ತು.

ಇವರ ಕಿವಿಯೂ ಎಚ್ಚರವಾಗಿತ್ತೆಂಬುದಕ್ಕೆ ಒಂದು ನಿದರ್ಶನವನ್ನು ಗಮನಿಸಬೇಕು. ಆರ್ಗನ್ನಿನ ಸ್ವರಗಳು ಸ್ಥಿರ. ಒಂದರಿಂದ ಇನ್ನೊಂದಕ್ಕೆ ಜಾರಲಾರವು. ನಾಟಕ ಕಂಪನಿಗಳ ಕಾಲದಿಂದ ನಮಗೆ ಪರಿಚಿತವಾದ ಹಾರ್ಮೋನಿಯಮ್ಮಿನದೂ ಇದೇ ಮಿತಿ. ಅಲ್ಲಿ ಕೊಳವೆಯ ಬದಲು ಲೋಹದ ತೆಳುನಾಲಗೆಗಳು ಅಲುಗುತ್ತವೆ, ಅಷ್ಟೇ ವ್ಯತ್ಯಾಸ. ಗಮಕಕ್ಕೆ ಒಗ್ಗದ ಈ ಗುಣವೂ ಒಂದು ಕಾರಣವಾಗಿ ಆಲ್ ಇಂಡಿಯಾ ರೇಡಿಯೋ ೧೯೪೦ರಲ್ಲಿ ಹಾರ್ಮೋನಿಯಮ್ಮನ್ನು ಹೊರಗಿಟ್ಟಿತು. ಆ ನಿಷೇಧ ಸಡಿಲವಾದದ್ದು ೧೯೭೧ರಲ್ಲಿ. ಹುಲಿಯ ಹೊಟ್ಟೆಯ ಕೊಳವೆಗಳೂ ಈ ಕಟ್ಟಿಗೆ ಒಳಪಟ್ಟವೇ. ಆದರೆ ಕೆಳಗೆ ಬಿದ್ದ ಮನುಷ್ಯನ ಗೋಳಿನ ಕೊಳವೆ ಹಾಗಲ್ಲ. ಅವನ ಕೈ ಏರಿಳಿದಂತೆ ಆ ದನಿಯ ಶ್ರುತಿ ಬದಲಾಗುತ್ತದೆ. ಕೊಳಲಿನ ರಂಧ್ರವನ್ನು ಬೆರಳಿನಿಂದ ಅರೆ ಮುಚ್ಚಿ ಸ್ವರವನ್ನು ಜಾರಿಸುವ ವಾದಕನ ಜಾಣ್ಮೆಗೆ ಇದು ದೂರದ್ದಲ್ಲ. ನರಳಾಟ ಎಂದೂ ಒಂದೇ ಸ್ವರದಲ್ಲಿರುವುದಿಲ್ಲವೆಂಬುದನ್ನು ಈ ಕರ್ಮಿ ಬಲ್ಲವನಾಗಿದ್ದ. ಇಡೀ ಯಂತ್ರದಲ್ಲಿ ಜೀವವಿರುವಂತೆ ಕೇಳುವ ದನಿ ಸಾಯುತ್ತಿರುವವನದೇ ಆಗಿರುವುದು ಆಕಸ್ಮಿಕವೆಂದು ನನಗೆ ತೋರುವುದಿಲ್ಲ.

೧೭೯೯ರ ಮೇ ೪ರಂದು ಶ್ರೀರಂಗಪಟ್ಟಣ ಬಿತ್ತು, ಟಿಪ್ಪು ಮಡಿದ. ಅರಮನೆಯ ವಾದ್ಯಗಳ ಕೋಣೆಯಲ್ಲಿ ದೊರೆತ ಹುಲಿಯನ್ನು ಲಂಡನ್ನಿಗೆ ಕಳುಹಿಸಿದರು. ೧೮೦೮ರಿಂದ ಅದು ಈಸ್ಟ್ ಇಂಡಿಯಾ ಕಂಪನಿಯ ಭವನದ ಓದುವ ಕೋಣೆಯಲ್ಲಿತ್ತು. ನೋಡಬಂದವರೆಲ್ಲ ಹಿಡಿಕೆ ತಿರುವಿ ಗೋಳು ಕೇಳಿ ನಲಿದರಂತೆ. ಓದುತ್ತ ಕುಳಿತವರು ರೋಸಿಹೋದರಂತೆ. ಕೊನೆಗೆ ಹಿಡಿಕೆಯೇ ಕಾಣೆಯಾಯಿತು. ಎರಡನೆಯ ಮಹಾಯುದ್ಧದಲ್ಲಿ ಜರ್ಮನರ ಬಾಂಬಿಗೆ ಸಂಗ್ರಹಾಲಯದ ಮಾಡು ಕುಸಿದು ಹುಲಿ ನೂರಾರು ಚೂರಾಯಿತು. ಅವನ್ನು ಕೂಡಿಸಿ ೧೯೪೭ರ ಹೊತ್ತಿಗೆ ಮತ್ತೆ ಪ್ರದರ್ಶನಕ್ಕಿಟ್ಟರು. ಹಲವು ಬಾರಿಯ ದುರಸ್ತಿಯಲ್ಲಿ ಅನೇಕ ಕೊಳವೆಗಳು ಬದಲಾದುವು. ಮೂಲದ ರಚನೆಯ ಗುರುತು ಎಷ್ಟೋ ಅಳಿಯಿತೆಂದು ಅದನ್ನು ಅಭ್ಯಾಸ ಮಾಡಿದ ಆರ್ಡ್-ಹ್ಯೂಮ್ ಅವರು ೧೯೮೭ರಲ್ಲಿ ಆಕ್ಷೇಪಿಸಿದ್ದಾರೆ. ಹೆಸರಿಲ್ಲದ ಕಸುಬುದಾರರ ಪಾಲಿಗೆ ಅವರ ಕೆಲಸವೊಂದೇ ಶಾಸನ. ಆ ಶಾಸನದ ಅಕ್ಷರಗಳೂ ಹೀಗೆ ಸವೆದುಹೋದುವು.

ಕುಶಲಕರ್ಮಿಗಳು ಹೆಸರು ಬಿಡದೆ ಹೋಗುವುದು ನಮ್ಮ ನಾಡಿನ ಸಂಪ್ರದಾಯವೆಂದು ಸುಮ್ಮನಾಗುವವರುಂಟು. ಅದು ಪೂರ್ಣ ಸತ್ಯವಲ್ಲ. ನಮ್ಮ ಶಿಕಾರಿಪುರ ಸೀಮೆಯ ಬಳ್ಳಿಗಾವೆಯನ್ನೇ ನೆನೆಯಿರಿ. ೧೧೧೭ರಲ್ಲಿ ಪ್ರತಿಷ್ಠೆಯಾದ ಬೇಲೂರಿನ ಚೆನ್ನಕೇಶವ ದೇವಾಲಯದ ಶಿಲ್ಪಗಳಲ್ಲಿ ಬಳ್ಳಿಗಾವೆಯ ದಾಸೋಜನ ಹೆಸರೂ ಅವನ ಮಗ ಚಾವಣನ ಹೆಸರೂ ಕಲ್ಲಿನಲ್ಲಿ ಕೊರೆದಿವೆ. ದೇವರು ವಿಷ್ಣುವರ್ಧನನು ಪ್ರತಿಷ್ಠಿಸಿದ್ದು, ದೇಗುಲ ಅವನ ಕೀರ್ತಿಗೆ ಸಂದದ್ದು. ಆದರೂ ಉಳಿ ಹಿಡಿದವನು ತನ್ನ ಊರನ್ನೂ ಹೆಸರನ್ನೂ ಬಿರುದನ್ನೂ ಬರೆದುಕೊಳ್ಳಲು ಹಿಂಜರಿಯಲಿಲ್ಲ, ಅರಸನು ಬೇಡವೆನ್ನಲಿಲ್ಲ. ಶ್ನಿಟ್ಗರನಿಗಿಂತ ಐದು ಶತಮಾನಗಳ ಹಿಂದೆ ನಮ್ಮಲ್ಲಿ ಈ ಪದ್ಧತಿ ಇತ್ತು. ನಡುವೆ ಎಲ್ಲಿಯೋ ಅದನ್ನು ನಾವು ಕೈಬಿಟ್ಟೆವು.

ಸೊರಬದ ಗುಡಿಗಾರರ ಮಾತು ಇಲ್ಲಿ ಪ್ರಸ್ತುತ. ಗಂಧದ ಕೆತ್ತನೆಗೆ ಹೆಸರಾದ, ಮದುವೆಗೆ ಬೆಂಡಿನ ಬಾಸಿಂಗ ಮಾಡಿಕೊಡುವ ಈ ಜನ ತಮ್ಮ ಹಿರಿಯರು ಗೋವೆಯ ಕಡೆಯಿಂದ ಬಂದವರೆಂದು ಹೇಳಿಕೊಳ್ಳುತ್ತಾರೆ. ೧೭೬೩ರಲ್ಲಿ ಹೈದರಾಲಿ ಬಿದನೂರನ್ನು ಗೆದ್ದ ಮೇಲೆ ಈ ಸೀಮೆಯೂ ಮೈಸೂರಿಗೆ ಸೇರಿತು. ಹುಲಿಯನ್ನು ಕೆತ್ತಿದವರು ಗುಡಿಗಾರರೆಂದು ನಾನು ಸಾಧಿಸಹೊರಟಿಲ್ಲ, ಅದಕ್ಕೆ ಆಧಾರವಿಲ್ಲ. ನನ್ನ ಮಾತು ಇಷ್ಟೇ. ಅದೇ ಬಗೆಯ ಕೈಗಳು ನಮ್ಮ ನಡುವೆ ಇಂದಿಗೂ ಇವೆ; ಅವುಗಳ ವಿಷಯದಲ್ಲಿ ನಮ್ಮ ನಡತೆ ಶ್ರೀರಂಗಪಟ್ಟಣದ ಅರಮನೆಯವರಿಗಿಂತ ಉತ್ತಮವಾಗಿಲ್ಲ. ಗಂಧದ ಪೆಟ್ಟಿಗೆಯನ್ನೋ ಗಣಪತಿಯನ್ನೋ ಕೊಂಡು ಸನ್ಮಾನಗಳಲ್ಲಿ ಕೊಡುತ್ತೇವೆ. ಕೊಟ್ಟ ಸಂಘದ ಹೆಸರು, ಪಡೆದವರ ಹೆಸರು, ತಾರೀಖು ಎಲ್ಲವೂ ಹಿತ್ತಾಳೆಯ ತಗಡಿನ ಮೇಲೆ ಬರುತ್ತವೆ. ಕೆತ್ತಿದವರ ಹೆಸರು ಬರುವುದಿಲ್ಲ. ಇನ್ನೂರು ವರ್ಷಗಳ ಮೇಲೆ ಯಾರಾದರೂ ಆ ಪೆಟ್ಟಿಗೆಯನ್ನು ಕೈಗೆತ್ತಿಕೊಂಡು, ಇದನ್ನು ಮಾಡಿದವರು ಯಾರೆಂದು ಕೇಳಿದರೆ ಅದೂ ಹುಲಿಯಂತೆಯೇ ಮೌನವಾಗಿರುತ್ತದೆ. ಕೊಳ್ಳುವಾಗ ಒಮ್ಮೆ ಹೆಸರು ಕೇಳಿ, ಪೆಟ್ಟಿಗೆಯ ತಳದಲ್ಲಿ ಬರೆಯಿಸಿಕೊಂಡರೆ ಸಾಕು. ದಾಸೋಜನ ಸೀಮೆಯವರಿಗೆ ಇದು ಹೊಸ ಪದ್ಧತಿಯೇನೂ ಅಲ್ಲ.