ದೀರ್ಘ ಸಹಬಾಳ್ವೆ: ವಿವಾಹದ ಪೂರ್ವಾನುಮಾನ

ಗಂಡು ಹೆಣ್ಣು ಬಹುಕಾಲ ದಂಪತಿಗಳಂತೆ ಬಾಳಿದ್ದರೆ ಅವರಿಗೆ ಮದುವೆಯಾಗಿದೆ ಎಂದೇ ನ್ಯಾಯಾಲಯ ಭಾವಿಸಬಹುದೆಂಬ ತತ್ತ್ವ. ಆಧಾರ, 1872ರ ಸಾಕ್ಷ್ಯ ಕಾಯ್ದೆಯ 114ನೇ ಕಲಂ. ಈಗ ಭಾರತೀಯ ಸಾಕ್ಷ್ಯ ಅಧಿನಿಯಮದ 119. ಸುಮಾರು 50 ವರ್ಷದ ದಾಂಪತ್ಯವೊಂದನ್ನು ಸುಪ್ರೀಂ ಕೋರ್ಟ್ 1978ರಲ್ಲಿ ಎತ್ತಿಹಿಡಿಯಿತು. ಅಲ್ಲಗಳೆಯುವವರೇ ಬಲವಾದ ಪುರಾವೆ ಕೊಡಬೇಕು.

ಸಕಲೇಶಪುರ, ಆಲೂರಿನ ಕಾಫಿ ತೋಟದ ಲೈನ್ ಮನೆಯಲ್ಲಿ ಬಾಳು ಸವೆಸಿದ ಹೆಣ್ಣಿನ ಬಳಿ ಲಗ್ನಪತ್ರಿಕೆಯಾಗಲಿ ಫೋಟೊವಾಗಲಿ ಇಲ್ಲದಿರಬಹುದು. ಪಡಿತರ ಚೀಟಿ, ಮತದಾರರ ಪಟ್ಟಿ, ಮಗುವಿನ ಶಾಲಾ ದಾಖಲೆಯಲ್ಲಿ ಬರೆಸಿದ ತಂದೆಯ ಹೆಸರು, ನೆರೆಯವರ ಮಾತು, ಇವೇ ಅವಳ ಸಾಕ್ಷಿ. ನೋಂದಣಿಯಿಲ್ಲವೆಂದಷ್ಟಕ್ಕೇ ಅವಳನ್ನು ಹೊರಗಿಡುವುದು ಅನ್ಯಾಯ.

ಇಬ್ಬರಲ್ಲೊಬ್ಬರ ಮೊದಲ ಮದುವೆ ಊರ್ಜಿತದಲ್ಲಿದ್ದರೆ 1955ರ ಹಿಂದೂ ವಿವಾಹ ಕಾಯ್ದೆ ಅಡ್ಡಬರುತ್ತದೆ. ಆದರೂ ಅಂಥ ಶೂನ್ಯ ವಿವಾಹದ ಮಕ್ಕಳನ್ನು 16ನೇ ಕಲಂ ಕಾಯುತ್ತದೆ. ಕರ್ನಾಟಕದಿಂದ ಸುಪ್ರೀಂ ಕೋರ್ಟಿಗೆ ಹೋದ ರೇವಣಸಿದ್ದಪ್ಪ ಪ್ರಕರಣದಲ್ಲಿ (2023) ತಂದೆತಾಯಿಯ ಪಾಲಿನಲ್ಲಿ ಅವರಿಗೂ ಹಕ್ಕಿದೆಯೆಂದು ತೀರ್ಪಾಯಿತು.